ನಾಟಕ ಬರೆದವಳು

ಚಪ್ಪಾಳೆ ಇನ್ನೂ ನಿಂತಿರಲಿಲ್ಲ, ರೇಣುಕಪ್ರಸಾದ್ ಎದ್ದು ನಿಂತರು.

"ಈ ನಾಟಕ ಬರ್ದದ್ದು ಯಾರು?"

ಗೋಡೌನಿನೊಳಗೆ ಕೂತವರೆಲ್ಲ ಚಪ್ಪಾಳೆ ನಿಲ್ಲಿಸಿ ಅವರತ್ತ ನೋಡಿದರು. ಆಡಿದ ಹೆಂಗಸರು ಮುಖದ ಬಣ್ಣದಲ್ಲೇ ಸಾಲಾಗಿ ನಿಂತಿದ್ದರು. ಕೊನೆಯಲ್ಲಿದ್ದ ತನುಜಾ ತಮಟೆಯನ್ನು ಎದೆಗೆ ಅವುಚಿಕೊಂಡಳು. ಬರೆದವಳು ಅವಳೇ. ಕೇಳುತ್ತಿದ್ದವರು ಅವಳ ಮಾವ. ನಾಟಕದಲ್ಲಿ ಕಾಫಿ ಕೊಯ್ಯುವ ಹೆಂಗಸರು ಬಯಲಿಗೆ ಕೂರಲು ಮರೆ ಹುಡುಕಿ ಅಲೆಯುವಾಗ, ನಾಯಿಗೆ ಫ್ಯಾನು ಹಾಕಿ ಮನೆ ಕಟ್ಟಿಸುವ ಸಾಹುಕಾರನನ್ನು ಕಂಡು ಜನ ಬಿದ್ದು ಬಿದ್ದು ನಕ್ಕಿದ್ದರು. ಆ ನಾಯಿಮನೆ ಯಾರ ಎಸ್ಟೇಟಿನದೆಂದು ಮೂಡಿಗೆರೆಯಲ್ಲಿ ಗೊತ್ತಿಲ್ಲದವರಿರಲಿಲ್ಲ.

ಬಸ್‌ಸ್ಟ್ಯಾಂಡಿನ ಹಿಂದಿನ, ಗೋಡೌನಿದ್ದ ಆ ಬೀದಿಗೆ 'ಹೆಂಗಸರ ಕಾರುಬಾರು' ಎಂದೇ ಹೆಸರು ಬಿದ್ದಿತ್ತು. ಟೈಲರ್ ಯಶೋದಾ ಹಾಡು ಕಲಿಸತೊಡಗಿದ ಮೇಲೆ ಗೋಡೆಗೆ ಚಿತ್ರ ಬರೆಯುವವರು ಬಂದರು, ನಾಟಕದವರು ಬಂದರು. ಹಾಡಿನ ಮಾತು ಚರಂಡಿಗೆ, ಚರಂಡಿಯ ಮಾತು ಓಟಿಗೆ ತಿರುಗಿ, ಈ ಸಲ ಯಶೋದಾ ಪಟ್ಟಣ ಪಂಚಾಯಿತಿಗೆ ನಿಂತಿದ್ದಳು. ಖಾಲಿ ಬಿದ್ದಿದ್ದ ಮಾವನ ಗೋಡೌನನ್ನು ಅವರಿಗೆ ಹೇಳಿ ನಾಟಕದವರಿಗೆ ಕೊಡಿಸಿದವಳು ತನುಜಾ.

"ಬಾಯಿಲ್ವಾ ಯಾರಿಗೂ?"

ಈಗ ಹೇಳುತ್ತೇನೆ, ಈಗ, ಎಂದು ತನುಜಾ ಅಂದುಕೊಳ್ಳುವಷ್ಟರಲ್ಲಿ ಯಶೋದಾ ಒಮ್ಮೆ ಅವಳತ್ತ ನೋಡಿ, ಮುಂದೆ ಬಂದಳು.

"ನಾನೇ ಬರ್ದದ್ದು, ಸಾಹುಕಾರ್ರೆ."

ತನುಜಾ ತಮಟೆಯ ಹಿಂದೆ ಮುಖ ತಗ್ಗಿಸಿದಳು.

ಮಾರನೆಯ ದಿನ ಗೋಡೌನಿಗೆ ಬೀಗ ಬಿತ್ತು. ಜಾಗ ಕೊಟ್ಟವರನ್ನೇ ಆಡಿಕೊಂಡವಳು, ಉಂಡ ಮನೆಗೆ ಎರಡು ಬಗೆದವಳು ಎಂಬ ಮಾತು ಸಂತೆಯೆಲ್ಲ ಸುತ್ತಿತು. ಯಶೋದಾ ಚುನಾವಣೆಯಲ್ಲಿ ಸೋತಳು.

ಆ ಸುದ್ದಿ ಕೇಳಿದ ತನುಜಾ ಊಟದ ತಟ್ಟೆ ಬಿಟ್ಟು ಎದ್ದಳು. ಜಗಲಿಗೆ ಬಂದಳು. ರೇಣುಕಪ್ರಸಾದ್ ಕಿತ್ತಳೆ ಸುಲಿಯುತ್ತಿದ್ದರು.

"ಮಾವ, ಆ ನಾಟಕ ಬರ್ದದ್ದು ನಾನು."

"ನಂಗೊತ್ತಿಲ್ವಾ? ನಾಯಿಮನೆ ಊರಿಗೆಲ್ಲ ಗೊತ್ತು, ಒಳಗೆ ಫ್ಯಾನಿರೋದು ಮನೆಯವ್ರಿಗಲ್ದೆ ಇನ್ಯಾರಿಗೆ ಗೊತ್ತು?" ಅವರು ನಕ್ಕರು. "ಅವತ್ತು ನೀನು ಬಾಯಿ ಬಿಡ್ಲಿಲ್ವಲ್ಲ, ಆಗ್ಲೇ ಅಂದ್ಕೊಂಡೆ, ಸೊಸೆ ಅಂದ್ರೆ ಹಿಂಗಿರ್ಬೇಕು ಅಂತ. ತಗೋ."

ಅವರು ಚಾಚಿದ ತೊಳೆಯನ್ನು ಅವಳು ತೆಗೆದುಕೊಂಡಳು. ಬಯ್ದಿದ್ದರೆ ತಡೆದುಕೊಳ್ಳಬಹುದಿತ್ತು. ತೊಳೆಯನ್ನು ಮುಷ್ಟಿಯಲ್ಲಿ ಹಿಡಿದುಕೊಂಡೇ ಆಟೋ ಹತ್ತಿದಳು. ರಸ ಮಣಿಕಟ್ಟಿಗಿಳಿದು ಅಂಟುತ್ತಿತ್ತು.

ಬೀಗ ಬಿದ್ದ ಬಾಗಿಲ ಮುಂದೆ, ರಸ್ತೆಯಲ್ಲೇ ಸುಣ್ಣದ ಗೆರೆ ಎಳೆದುಕೊಂಡು ಹೆಂಗಸರು ಹೊಸ ನಾಟಕ ಆಡುತ್ತಿದ್ದರು. ಸುತ್ತ ಬಸ್ಸಿಗೆ ಕಾದವರು, ಅಂಗಡಿಯವರು ನೆರೆದಿದ್ದರು. ತನುಜಾ ಗೆರೆಯ ಹೊರಗೆ ನಿಂತಳು.

"ಯಶೋದಕ್ಕ, ಮಾವನಿಗೆ ಹೇಳ್ದೆ. ಬರ್ದದ್ದು ನಾನು ಅಂತ."

ಯಾವತ್ತೂ ಅವಳನ್ನು ಏಕವಚನದಲ್ಲೇ ಕರೆಯುತ್ತಿದ್ದ ಯಶೋದಾ ಸೆರಗಿನಿಂದ ಕತ್ತು ಒರೆಸಿಕೊಂಡು, ನೆರೆದವರತ್ತ ಕೈ ತೋರಿಸಿದಳು.

"ಒಳ್ಳೇದಾಯ್ತು ಅಮ್ಮಾವ್ರೆ. ನೀವು ಹೇಳ್ಬೇಕಾದ್ದು ಇವ್ರಿಗೆ."

ನೆರೆದವರೆಲ್ಲ ತಿರುಗಿದರು. ಯಾರೋ ಮೊಬೈಲು ಎತ್ತಿ ಹಿಡಿದರು. ತನುಜಾ ಚಪ್ಪಲಿ ಕಳಚಿ ಗೆರೆಯೊಳಗೆ ಕಾಲಿಟ್ಟಳು. ಮಧ್ಯಾಹ್ನದ ಟಾರು ಅಂಗಾಲನ್ನು ಸುಡುತ್ತಿತ್ತು.