ಕರಿಬೇವಿನ ಹುಳದ ಕೊಂಬು

ಜಯಂತಿಗೆ ಹೆದರಿಕೆ ಎಂದರೇನೆಂದೇ ಗೊತ್ತಿಲ್ಲ ಎಂದು ಫತೇಗಂಜ್ ಬಡಾವಣೆಯ ಹಾಸ್ಟೆಲ್ ಮಕ್ಕಳೆಲ್ಲ ಹೇಳುತ್ತಾರೆ. ಆ ಜಯಂತಿ ನಾನೇ, ಇಪ್ಪತ್ತು ವರ್ಷದಿಂದ ನಮ್ಮ ಉಡುಪಿ ಹೋಟೆಲಿನ ಅಡುಗೆಮನೆ ಆಳುತ್ತಿರುವವಳು. ಗಂಡ ರಘುರಾಮರೂ ನನ್ನೆದುರು ಸ್ವರ ಎತ್ತುವುದಿಲ್ಲ. ಅಂಥ ನನ್ನ ಜಂಬ ಇಳಿಸಿದ್ದು ಒಂದು ಹುಳ.

ಪ್ರಾಣಿಶಾಸ್ತ್ರ ಓದುವ ಹಾವೇರಿಯ ಅಪೂರ್ವಾ ದಿನವೂ ನಮ್ಮಲ್ಲೇ ತಿಂಡಿ ತಿನ್ನುವವಳು. ಹಾಸ್ಟೆಲಿನಲ್ಲಿ ಸಾಕಿದ ಚಿಟ್ಟೆಯ ಹುಳಗಳೆಲ್ಲ ಸತ್ತು, ಉಳಿದ ಒಂದನ್ನು ನಮ್ಮ ಹಿತ್ತಲಿನ ಕರಿಬೇವಿನ ಗಿಡದಲ್ಲಿ ತಂದು ಬಿಟ್ಟಿದ್ದಳು. ಕಪ್ಪು ಬಿಳಿ ಬಣ್ಣ, ಥೇಟ್ ಹಕ್ಕಿಯ ಹಿಕ್ಕೆ. ಹಿಕ್ಕೆಯೆಂದುಕೊಂಡು ಹಕ್ಕಿಗಳು ಮುಟ್ಟುವುದಿಲ್ಲವಂತೆ. ಸೋಮವಾರ ಅದನ್ನು ಜೀವಂತ ತೋರಿಸಿ, ವೈರಿಯಿಂದ ಅದು ಪಾರಾದದ್ದನ್ನು ಕಣ್ಣಾರೆ ಕಂಡವರ ಮಾತು ಬರೆಯದಿದ್ದರೆ ಪ್ರಾಜೆಕ್ಟ್ ಬಿತ್ತು ಎಂದಳು. ನಾನು ಕಾಯುತ್ತೇನೆಂದು ಮಾತು ಕೊಟ್ಟೆ, ಗುರುತಿಗೆ ಆ ಕೊಂಬೆಗೆ ದಾರವನ್ನೂ ಕಟ್ಟಿದೆ.

ಸೋಮವಾರ ಬೆಳಿಗ್ಗೆ ನೋಡಿದರೆ ಕೊಂಬೆಯ ಮೇಲೆ ಹಿಕ್ಕೆಯಂಥದ್ದು ಏನೂ ಇಲ್ಲ. ಪಕ್ಕದಲ್ಲೇ ಬುಲ್‌ಬುಲ್ ಒಂದು ಕೂತು ಕೊಕ್ಕು ಒರೆಸುತ್ತಿತ್ತು. ಹುಳ ಅದರ ಹೊಟ್ಟೆ ಸೇರಿತೆಂದುಕೊಂಡೆ. ಹಾಳಾದ್ದೇ ಎಂದು ಅದನ್ನು ಓಡಿಸಿ ಏನು ಪ್ರಯೋಜನ, ಕೋಟೆ ಸೂರೆ ಹೋದ ಮೇಲೆ ದಿಡ್ಡಿ ಬಾಗಿಲು ಹಾಕಿದ ಹಾಗೆ. ಇನ್ನು ಯಾರಿಗಾಗಿ ಉಳಿಸುವುದೆಂದು ಸಿಟ್ಟಿನಲ್ಲಿ ಆ ಕೊಂಬೆಯನ್ನೇ ಮುರಿದು ಒಳಗೆ ತಂದೆ.

ಸಾಂಬಾರಿನ ಒಗ್ಗರಣೆಗೆ ಸಾಸಿವೆ ಸಿಡಿಯುತ್ತಿತ್ತು. ಹೋಟೆಲಿನಲ್ಲಿ ಎಲೆ ಒಂದೊಂದಾಗಿ ಬಿಡಿಸುವ ವ್ಯವಧಾನ ಯಾರಿಗಿದೆ? ತುದಿ ಹಿಡಿದು ಒಂದೇ ಎಳೆತಕ್ಕೆ ಎಣ್ಣೆಗೆ ಉದುರಿಸುವುದು. ಹಾಗೆಯೇ ಎಳೆಯಲು ಹೋದೆ. ಬೆರಳಡಿ ಎಲೆಯೊಂದು ಮೆತ್ತಗೆ ಅಲುಗಿತು! ಎರಡು ದಪ್ಪ ಕಣ್ಣು ನನ್ನನ್ನೇ ದಿಟ್ಟಿಸಿದವು, ನೆತ್ತಿಯಿಂದ ಕೆಂಪು ಕವಲು ಕೊಂಬು ಛಂಗನೆ ಹೊರಬಂತು, ಕೊಳೆತ ನಿಂಬೆಯ ನಾತ ಮೂಗಿಗೆ ಹೊಡೆಯಿತು. ಹಾವು ಹಾವು ಎಂದು ಕಿರುಚಿ ಕೊಂಬೆ ಎಸೆದು ಅಕ್ಕಿ ಮೂಟೆ ಹತ್ತಿ ನಿಂತೆ.

ತಿಂಡಿ ತಿನ್ನುತ್ತಿದ್ದವರೆಲ್ಲ ಒಳಗೆ ನುಗ್ಗಿದರು. ಎಲ್ಲರಿಗಿಂತ ಮುಂದೆ ಅಪೂರ್ವಾ. ನೆಲದಲ್ಲಿದ್ದದ್ದನ್ನು ಎಲೆಯ ಸಮೇತ ಎತ್ತಿಕೊಂಡು ಕುಣಿದಾಡಿದಳು. ಅವಳದೇ ಹುಳ. ಪೊರೆ ಕಳಚಿ ಎಲೆಯದೇ ಹಸಿರಾಗಿತ್ತು. ಕಣ್ಣುಗಳೂ ಸುಳ್ಳು, ಬರಿಯ ಚುಕ್ಕೆ. ವೈರಿ ಮೈಮೇಲೆ ಬಂದಾಗ ಮಾತ್ರ ಅದು ಕೊಂಬು ತೆಗೆಯುವುದಂತೆ.

"ಅಕ್ಕಾ, ಕೊಂಬು ಹೊರಗ ತಗದೈತಿ. ಯಾರಿಗೆ ಹೆದರಸ್ತು ಇದು, ಬುಲ್‌ಬುಲ್‌ಗೇನು?"

ಹೌದು ಎಂದಿದ್ದರೆ ನನ್ನ ಮರ್ಯಾದೆ ಉಳಿಯುತ್ತಿತ್ತು. ಹುಡುಗಿ ಆಗಲೇ ನೋಟ್‌ಬುಕ್ ತೆರೆದಿದ್ದಳು. ನಾನು ಮೂಟೆಯಿಂದ ಇಳಿದೆ.

"ಬುಲ್‌ಬುಲ್ ಅಲ್ಲ ಮಾರಾಯ್ತಿ. ಎಣ್ಣೆಗೆ ಹಾಕಲಿಕ್ಕೆ ಹೊರಟದ್ದು ನಾನು, ಹೆದರಿದ್ದೂ ನಾನೇ. ಹೆಸರು ಸರಿಯಾಗಿ ಬರಿ."