ಹೆಚ್ಚಿದ ಹಣ್ಣು

"ಒಂದು ಚಿಪ್ಪು ಬಾಳೆಹಣ್ಣು ಇಟ್ಟುಬಿಡು, ಸಾಕು" ಅಂತ ಪಕ್ಕೀರಪ್ಪ ಹೆಂಡತಿ ಹುಲುಗಮ್ಮನಿಗೆ ಹೇಳಿ ಹೇಳಿ ಸೋತಿದ್ದ. ಅವನು ಗುಮಾಸ್ತನಾದ ಮೇಲೆ ಇದೇ ಮೊದಲ ಸಲ ಮ್ಯಾನೇಜರು ಪಂಚಾಕ್ಷರಪ್ಪನವರು ಕೊಟ್ಟೂರಿನ ಹೊರಗಿದ್ದ ಅವನ ಕೇರಿಗೆ ಬರುವವರಿದ್ದರು.

ಹುಲುಗಮ್ಮನಿಗೆ ಎಲ್ಲ ಗೊತ್ತಿತ್ತು. ಊರೊಳಗಿನವರು ಕೇರಿಯಲ್ಲಿ ಇಡೀ ಹಣ್ಣು ಇಸಕೊಳ್ಳುತ್ತಾರೆ, ಈಳಿಗೆ ತಾಗಿದ್ದನ್ನು ಮುಟ್ಟುವುದಿಲ್ಲ. ಇಸಕೊಂಡದ್ದೂ ದಾರಿಯಲ್ಲಿ ಯಾವುದೋ ದನದ ಬಾಯಿಗೆ. ಅವಳು ಪಪ್ಪಾಯಿ, ಕಲ್ಲಂಗಡಿ, ಬಾಳೆ ಅಷ್ಟನ್ನೂ ಹೆಚ್ಚಿ, ನಿಂಬೆರಸ, ಜೇನು, ಚಿಟಿಕೆ ಉಪ್ಪು ಕಲಸಿ, ಸೋಡಾ ಅಂಗಡಿಯಿಂದ ತರಿಸಿದ ಐಸಿನ ಮೇಲೆ ಬೋಗುಣಿ ಇಟ್ಟಳು.

ಪಂಚಾಕ್ಷರಪ್ಪನವರು ಬಂದು ಕುರ್ಚಿಯ ತುದಿಯಲ್ಲಿ ಕೂತರು. ಅವಳು ಕೊಟ್ಟ ಬಟ್ಟಲನ್ನು ಸ್ಟೂಲಿನ ಮೇಲಿಟ್ಟರು. ಬಟ್ಟಲು ಬೆವರುತ್ತಿತ್ತು, ಪಕ್ಕೀರಪ್ಪನ ಹಣೆಯೂ.

"ನೆಗಡಿ ಆಗೇತಮ್ಮ, ತಣ್ಣಂದು ಒಗ್ಗೂದಿಲ್ಲ. ಒಂದು ಬಾಳೆಹಣ್ಣು ಕೊಡು, ಸಾಕು."

ಪಕ್ಕೀರಪ್ಪ ಅಂಗಡಿಗೆ ಓಡಲು ಚಪ್ಪಲಿ ಮೆಟ್ಟಿದ. ಹುಲುಗಮ್ಮ ಬಾಗಿಲಿಗೆ ಅಡ್ಡ ನಿಂತಳು.

"ಇಡೀ ಹಣ್ಣು ಒಂದೂ ಉಳಿದಿಲ್ರಿ ಸಾಹೇಬ್ರ, ಎಲ್ಲಾ ನಾನ ಕೈಯಾರೆ ಹೆಚ್ಚೀನಿ. ನೆಗಡಿ ಆಗಿದ್ರ ಕುಂದರ್ರಿ. ಬಿಸಿಲಿಗಿಟ್ಟು ಬೆಚ್ಚಗ ಮಾಡಿ ಕೊಡ್ತೀನಿ."