ಇಪ್ಪತ್ತನೆಯ ಸುತ್ತು

೧

ಈ ಕಥೆಯನ್ನು ಎಲ್ಲಿಂದ ಶುರು ಮಾಡುವುದು ಎಂಬುದೇ ಮೊದಲ ತಲೆನೋವು. ಓಟದ ಕಥೆಯಲ್ಲವೇ, ಪಿಸ್ತೂಲಿನ ಸದ್ದಿನಿಂದ ಶುರುವಾಗಲಿ ಎಂದು "ಢಂ" ಎಂದು ಬರೆದೆ. ಓದಿ ನೋಡಿದರೆ ನನಗೇ ನಗು ಬಂತು. ಹರಿದು ಹಾಕಿದೆ.

ಎರಡನೆಯ ಸಲ ಲೇಖಕಿಯ ಮೇಜಿನಿಂದ ಶುರು ಮಾಡಿದೆ. (ಲೇಖಕಿ ಎಂದರೆ ಈ ಕಥೆಯ ನಾಯಕಿ. ನಾನು ಅವಳ ಕಥೆ ಬರೆಯುತ್ತಿದ್ದೇನೆ, ಅವಳು ಇನ್ನೊಬ್ಬರ ಕಥೆ ಬರೆಯುತ್ತಿದ್ದಾಳೆ. ಗೊಂದಲ ಇಷ್ಟೇ, ಇದಕ್ಕಿಂತ ಹೆಚ್ಚಾಗುವುದಿಲ್ಲ.) ಅದೇ ಇರಲಿ. ಮೇಜಿನ ಮೇಲೆ ಪ್ರೂಫ್ ಹಾಳೆಗಳ ರಾಶಿ, ಅವು ಹಾರದಂತೆ ಮೇಲೊಂದು ಕೆಟ್ಟುನಿಂತ ಸ್ಟಾಪ್‌ವಾಚು. ಹಿಂದಿನ ಕಪಾಟಿನಲ್ಲಿ ಅವಳೇ ಬರೆದ ಹನ್ನೊಂದು ಪುಸ್ತಕಗಳು: ಒಬ್ಬ ಕುಸ್ತಿಪಟುವಿನ ಜೀವನ, ಒಬ್ಬ ಗೋಲ್‌ಕೀಪರನ ಜೀವನ, ಒಂದು ಸೇತುವೆಯ ಚರಿತ್ರೆ, ಹೀಗೆ. ಎಲ್ಲವೂ ನಡೆದ ಸಂಗತಿಗಳೇ. ಕಥೆ ಬರೆಯುವವರ ಬಗ್ಗೆ ಅವಳಿಗೆ ಅಷ್ಟಕ್ಕಷ್ಟೆ. ಅವರಿಗೇನು, ಬಾಯಿಗೆ ಬಂದದ್ದು ಬರೆಯಬಹುದು ಎಂದು ಒಂದು ಸಭೆಯಲ್ಲಿ ಹೇಳಿದ್ದಳು. ನಾನು ಹಿಂದಿನ ಸಾಲಿನಲ್ಲಿ ಕೂತಿದ್ದೆ. ಹಲ್ಲು ಕಚ್ಚಿಕೊಂಡೆ.

೨

ಹನ್ನೆರಡನೆಯ ಪುಸ್ತಕ ಗಾಳಿಯಕ್ಕನದು. ನಲವತ್ತೆರಡು ವರ್ಷಗಳ ಹಿಂದೆ ಹತ್ತು ಸಾವಿರ ಮೀಟರ್ ಓಟದಲ್ಲಿ ಹಳೆಯ ದಾಖಲೆಯನ್ನು ಒಂದು ನಿಮಿಷಕ್ಕೂ ಹೆಚ್ಚು ಅಂತರದಲ್ಲಿ ಮುರಿದವರು. ಮಾರನೆಯ ದಿನ ಪತ್ರಿಕೆಯೊಂದು "ಓಡಿದ್ದು ಹೆಣ್ಣಲ್ಲ, ಗಾಳಿ" ಎಂದು ಬರೆಯಿತು. ಅಂದಿನಿಂದ ಅವರ ನಿಜವಾದ ಹೆಸರು ಅವರ ಮನೆಯವರಿಗೂ ಮರೆತುಹೋಯಿತು.

ಹತ್ತು ಸಾವಿರ ಮೀಟರ್ ಎಂದರೆ ಇಪ್ಪತ್ತೈದು ಸುತ್ತು. ಪುಸ್ತಕದಲ್ಲೂ ಇಪ್ಪತ್ತೈದು ಅಧ್ಯಾಯ, ಸುತ್ತಿಗೊಂದು. ಪ್ರತಿ ಅಧ್ಯಾಯವೂ ಆ ಸುತ್ತಿನಿಂದ ಶುರುವಾಗಿ ಬದುಕಿನ ಒಂದು ತುಂಡಿಗೆ ಜಾರಿಕೊಳ್ಳುತ್ತದೆ. (ಒಳ್ಳೆಯ ಉಪಾಯ. ನನಗೆ ಹೊಳೆದಿರಲಿಲ್ಲ ಎಂಬ ಹೊಟ್ಟೆಕಿಚ್ಚು ಇದೆ.) ಮುಖಪುಟ ತಯಾರಾಗಿತ್ತು. ಸೋಮವಾರ ಅಚ್ಚಿಗೆ ಹೋಗಬೇಕು. ಉಳಿದದ್ದು ಒಂದೇ ಸಣ್ಣ ವಿವರ: ಕೊನೆಯ ಸುತ್ತಿಗೆ ಹೊಡೆದ ಗಂಟೆ ಹಿತ್ತಾಳೆಯದೋ ಕಂಚಿನದೋ? ಅದನ್ನು ಕೇಳಿಕೊಂಡು ಬರೋಣ ಎಂದು ಅವಳು ಗುರುವಾರ ಗಂಟೆ ಮೇಷ್ಟ್ರ ಮನೆಗೆ ಹೋದಳು.

ಗಂಟೆ ಮೇಷ್ಟ್ರು ಅಂದು ಸುತ್ತು ಎಣಿಸಿದವರು, ನಿವೃತ್ತ ಡ್ರಿಲ್ ಮಾಸ್ತರರು, ಎಂಬತ್ತು ದಾಟಿದವರು. ಗಂಟೆ ಹಿತ್ತಾಳೆಯದು ಎಂದರು. ಅಷ್ಟಕ್ಕೆ ಮುಗಿಯಬೇಕಿತ್ತು. ಆದರೆ ಅವಳು ಪುಸ್ತಕದ ಹೆಸರು "ಇಪ್ಪತ್ತೈದು ಸುತ್ತು" ಎಂದದ್ದೇ ತಡ, ಅವರು ಎದ್ದು ಮಂಚದ ಕೆಳಗಿನ ಟ್ರಂಕನ್ನು ಎಳೆದು ಎರಡು ರಟ್ಟಿನ ಹಲಗೆಗಳನ್ನು ಅವಳ ತೊಡೆಯ ಮೇಲಿಟ್ಟರು. ಒಂದರಲ್ಲಿ ಏಳು. ಇನ್ನೊಂದರಲ್ಲಿ ಆರು, ಅದರ ಅರ್ಧ ಬಣ್ಣ ಕಿತ್ತುಹೋಗಿತ್ತು. ಆ ಕಿತ್ತ ಬಣ್ಣ ಏಳರ ಬೆನ್ನಿಗೆ ಅಂಟಿಕೊಂಡಿತ್ತು.

"ನಂಬರ್ ಮಾಸಿದೆ ಅಂತ ಅವತ್ತು ಬೆಳಿಗ್ಗೆ ನಾನೇ ಪೇಂಟ್ ಮಾಡಿದ್ದೆ," ಎಂದರು. "ಎಲ್ಲಾ ಒಣಗಿದೆ ಅಂದ್ಕೊಂಡೆ. ಆರು ಒಣಗಿರ್ಲಿಲ್ಲ."

ಗೊತ್ತಿಲ್ಲದವರಿಗೆ ಹೇಳಿಬಿಡುತ್ತೇನೆ. ಗೆರೆಯ ಪಕ್ಕದಲ್ಲಿ ಒಂದು ಸ್ಟ್ಯಾಂಡು, ಅದಕ್ಕೆ ಒಂದರ ಹಿಂದೊಂದು ನೇತುಹಾಕಿದ ಹಲಗೆಗಳು. ಇನ್ನೆಷ್ಟು ಸುತ್ತು ಬಾಕಿ ಎಂದು ಓಡುವವರಿಗೆ ಅವೇ ಹೇಳಬೇಕು. ಒಂದು ಸುತ್ತು ಮುಗಿದಾಗ ಒಂದು ಹಲಗೆ ಮಗುಚುವುದು, 'ಒಂದು' ಬಂದಾಗ ಗಂಟೆ ಹೊಡೆಯುವುದು. ಅಂದು ಏಳನ್ನು ಮಗುಚಿದಾಗ ಹಸಿ ಬಣ್ಣದ ಆರೂ ಅದರ ಬೆನ್ನಿಗಂಟಿಕೊಂಡು ಮಗುಚಿಹೋಯಿತು. ಐದು ಕಾಣಿಸಿತು. ಜೊತೆಗೆ ಎಣಿಸಬೇಕಾದ ಇನ್ನೊಬ್ಬರು ಜ್ವರವೆಂದು ಬಂದಿರಲಿಲ್ಲ. ಓಡುತ್ತಿದ್ದವರು ಹಲಗೆಯನ್ನು ನಂಬಿದರು.

ಹೀಗೆ ಇಪ್ಪತ್ತನೆಯ ಸುತ್ತನ್ನು ಯಾರೂ ಓಡಲಿಲ್ಲ. ಹಳೆಯ ದಾಖಲೆ ಅಷ್ಟು ದೊಡ್ಡ ಅಂತರದಲ್ಲಿ ಮುರಿದದ್ದು ಗಾಳಿಯಿಂದಲ್ಲ, ಒಣಗದ ಬಣ್ಣದಿಂದ.

ಮೇಷ್ಟ್ರಿಗೆ ಇದು ತಿಳಿದದ್ದು ಸಂಜೆ, ಹಲಗೆಗಳನ್ನು ಕಟ್ಟಿಡುವಾಗ. ಹೇಳಿಬಿಡೋಣ ಎಂದು ಓಡಿದರಂತೆ. ಅಷ್ಟರಲ್ಲಿ ಗೆದ್ದ ಹುಡುಗಿಯೇ ಎದುರು ಬಂದು ಅವರ ಕೈ ಹಿಡಿದುಕೊಂಡು, ನಿಮ್ಮ ಗಂಟೆ ಕೇಳಿ ಹೋದ ಜೀವ ಬಂತು ಮೇಷ್ಟ್ರೇ ಎಂದಳಂತೆ.

"ಆಮೇಲೆ ನಾಲಿಗೆ ಏಳಲಿಲ್ಲಮ್ಮ. ಇವತ್ತಿನವರೆಗೂ ಏಳಲಿಲ್ಲ."

೩

(ಇಲ್ಲಿ ನಾನು ಸ್ವಲ್ಪ ಖುಷಿಪಟ್ಟೆ. ಕ್ಷಮಿಸಿ.)

ಏಕೆಂದರೆ ಲೇಖಕಿಯ ಪುಸ್ತಕದಲ್ಲಿ ಎಲ್ಲಕ್ಕಿಂತ ಚೆನ್ನಾಗಿರುವುದು ಇಪ್ಪತ್ತನೆಯ ಅಧ್ಯಾಯವೇ. ಹನ್ನೊಂದು ಪುಟ. ಕಾಲು ಸೋತು ಇನ್ನು ಆಗದು ಎನ್ನುವಾಗ ಗ್ಯಾಲರಿಯಿಂದ ತಾಯಿಯ ಧ್ವನಿ ಕೇಳಿಸುತ್ತದೆ, "ಇನ್ನೊಂದು ಸ್ವಲ್ಪ, ನನ್ನ ಕಂದ" ಎಂದು. ಆದರೆ ಗಾಳಿಯಕ್ಕ ಅವಳಿಗೆ ಹೇಳಿದ್ದು ಇಷ್ಟೇ: ನಡುವಿನ ಸುತ್ತು ಯಾರಿಗೆ ನೆನಪಿರುತ್ತೆ, ಏನಾದರೂ ಬರ್ಕೋ. ಬರೆದುಕೊಂಡಳು. ಗಾಳಿಯಕ್ಕ ಅದನ್ನು ಓದಿ ಅತ್ತರು. ಆಮೇಲೆ ಹೋದ ಹೋದ ಸಭೆಯಲ್ಲೆಲ್ಲ ತಾಯಿಯ ಧ್ವನಿಯ ಕಥೆ ಹೇಳತೊಡಗಿದರು.

ಓಡದ ಸುತ್ತಿನಲ್ಲಿ ಕೇಳದ ಧ್ವನಿ. ಬಾಯಿಗೆ ಬಂದದ್ದು ಬರೆಯುವ ನಾವು ಕೂಡ ಅಷ್ಟು ದೂರ ಹೋಗಿರಲಿಲ್ಲ.

೪

ಮುಂದಿನ ಭಾಗವನ್ನು ಹೀಗೆ ಬರೆದಿದ್ದೆ: "ಲೇಖಕಿ ಹಲಗೆಗಳನ್ನು ಡ್ರಾಯರಿನಲ್ಲಿಟ್ಟು ಬೀಗ ಹಾಕಿದಳು. ಪುಸ್ತಕ ಅಚ್ಚಾಯಿತು."

ಅವಳು ತಕರಾರು ತೆಗೆದಳು. "ನನ್ನನ್ನ ಯಾಕೆ ಹೇಡಿ ಮಾಡ್ತೀರಿ?"

ಓದುಗರಿಗೆ ಗುಟ್ಟು ಅಂದರೆ ಇಷ್ಟ ಎಂದೆ.

"ನಿಮ್ಮ ಓದುಗರಿಗೆ. ನನ್ನವರಿಗೆ ನಡೆದದ್ದು ಬೇಕು."

ಹಾಗಾದರೆ ಆ ಹನ್ನೊಂದು ಪುಟ ಏನು ಎಂದು ಕೇಳಿದೆ. ಕೇಳಬಾರದಿತ್ತು. ಅವಳು ಪ್ರೂಫಿನ ರಾಶಿಯಿಂದ ಆ ಪುಟಗಳನ್ನು ಎಳೆದು ಬೇರೆ ಇಟ್ಟಳು. ನನಗೂ ಪೆಚ್ಚಾಯಿತು, ಗೆದ್ದವನ ಖುಷಿಯೇನೂ ಆಗಲಿಲ್ಲ. ಕೊನೆಗೆ, ಅದನ್ನೂ ಗಾಳಿಯಕ್ಕನಿಗೆ ಹೇಳುತ್ತೇನೆ ಎಂದಳು.

ಪ್ರಕಾಶಕರು ಫೋನಿನಲ್ಲಿ ಬುದ್ಧಿ ಹೇಳಿದರು. ಆ ದಾಖಲೆಯನ್ನು ಬೇರೊಬ್ಬಳು ಮುರಿದೇ ಮೂವತ್ತು ವರ್ಷವಾಯಿತು, ಸುಮ್ಮನಿರಲಾರದೆ ಇರುವೆ ಬಿಟ್ಟುಕೊಳ್ಳುವುದೇಕೆ ಎಂದರು. ಸೋಮವಾರ ಬೆಳಿಗ್ಗೆಯೊಳಗೆ ಇಪ್ಪತ್ತನೆಯ ಅಧ್ಯಾಯ ಬದಲಾಗಿ ಬರದಿದ್ದರೆ ಇದ್ದದ್ದು ಇದ್ದಹಾಗೇ ಅಚ್ಚಿಗೆ ಹೋಗುತ್ತದೆ ಎಂದೂ ಹೇಳಿದರು. ಅವಳ ಕೈಯಲ್ಲಿ ಇದ್ದದ್ದು ಮೂರು ದಿನ. ಅದರಲ್ಲಿ ಒಂದನ್ನು ಹೆದರಿಕೊಂಡೇ ಕಳೆದಳು.

೫

ಶನಿವಾರ ಗಾಳಿಯಕ್ಕ ಕುರ್ಚಿಯಲ್ಲಿ ಕೂತು, ಪಾದಕ್ಕೆ ಮರಳಿನ ಚೀಲ ಕಟ್ಟಿಕೊಂಡು, ಕಾಲನ್ನು ಎತ್ತಿ ಇಳಿಸುತ್ತಿದ್ದರು. ಹೋದ ವರ್ಷ ಬಲ ಮೊಣಕಾಲಿನ ಆಪರೇಷನ್ ಆಗಿತ್ತು. ದಿನಕ್ಕೆ ಮೂವತ್ತು ಸಲ ಎತ್ತಬೇಕು. ಲೇಖಕಿ ಹೇಳಲು ಶುರು ಮಾಡಿದಾಗ ಹನ್ನೆರಡು ಸಲ ಆಗಿತ್ತು. ಹೇಳಿ ಮುಗಿಸಿದಾಗಲೂ ಹನ್ನೆರಡೇ.

ಗಾಳಿಯಕ್ಕ ಲೇಖಕಿ ತಂದಿದ್ದ ಹಲಗೆಗಳನ್ನು ಒಂದರ ಮೇಲೊಂದು ಇಟ್ಟು ನೋಡಿದರು. ಕಿತ್ತ ಬಣ್ಣ ಸರಿಯಾಗಿ ಕೂತಿತು.

"ಹಾಗಾದ್ರೆ ನಾನು ಗಾಳಿ ಅಲ್ಲ."

ಲೇಖಕಿಗೆ ಅಳು ಬಂತು. ಅಳುತ್ತಲೇ, ತಾಯಿಯ ಧ್ವನಿಯೂ ತಾನೇ ಕಟ್ಟಿದ್ದು ಎಂದಳು.

"ಅದು ನನಗೆ ಗೊತ್ತಿಲ್ವಾ? ಅಮ್ಮ ಒಂದು ದಿನವೂ ಗ್ರೌಂಡಿಗೆ ಬಂದವಳಲ್ಲ. ನೀನು ಬರೆದದ್ದು ಓದಿದಾಗ, ಬಂದಿದ್ರೆ ಎಷ್ಟು ಚೆನ್ನಾಗಿತ್ತು ಅನ್ನಿಸ್ತು. ಅದಕ್ಕೇ ಬಿಡೋಕಾಗಲಿಲ್ಲ."

ಆಮೇಲೆ ಅವರು ಕಿಟಕಿಯ ಕಡೆ ತಿರುಗಿ ಕೂತರು. ಅವರಿಗೆ ನೋವಾಗಿತ್ತು, ಅದನ್ನು ಮುಚ್ಚಿ ಬರೆಯುವುದರಲ್ಲಿ ಅರ್ಥವಿಲ್ಲ. ನಲವತ್ತೆರಡು ವರ್ಷ ಒಂದೇ ಹೆಸರಿನಲ್ಲಿ ಬದುಕಿದವರು ಅವರು. ಗಂಟೆ ಹೊಡೆದಾಗ, ಇಷ್ಟು ಬೇಗನೇ ಎಂದು ಕಾಲಿಗೆ ಆಶ್ಚರ್ಯವಾಗಿತ್ತು, ಅದನ್ನು ನನ್ನ ಶಕ್ತಿ ಎಂದುಕೊಂಡಿದ್ದೆ ಎಂದು ಮೆಲ್ಲಗೆ ಹೇಳಿದರು.

(ಇಲ್ಲಿ ಅವರು ಕುಸಿದು ಬೀಳುವಂತೆ ಮಾಡುವುದು ನನ್ನ ಯೋಜನೆ. ವಾಕ್ಯವೂ ಸಿದ್ಧವಿತ್ತು. ಅವರು ಬೀಳಲಿಲ್ಲ. ಮತ್ತೆ ಕಾಲು ಎತ್ತತೊಡಗಿದರು.)

"ಹನ್ನೆರಡು ವರ್ಷ ಆದ್ಮೇಲೆ ನನ್ನ ಟೈಮ್ ಮುರಿದಳಲ್ಲ ಆ ಹುಡುಗಿ," ಎಂದರು ಹದಿನೆಂಟನೆಯ ಸಲಕ್ಕೆ. "ಅವಳು ಪೂರ್ತಿ ಇಪ್ಪತ್ತೈದು ಓಡಿದ್ಲು. ಅದು ಆಗದ ಕೆಲಸ ಅಂತ ಅವಳಿಗೆ ಯಾರೂ ಹೇಳಿರ್ಲಿಲ್ಲ. ನಾನು ಮಾಡಿದ್ದೀನಿ ಅಂದ್ಕೊಂಡು ಓಡಿದ್ಲು, ಆಗೇಹೋಯ್ತು."

ಹೀಗೆ ಹೇಳುವಾಗ ಅವರ ಮುಖದಲ್ಲಿ ನಗು ಬಂತು. ಮೂವತ್ತು ಮುಗಿಸಿ ಚೀಲ ಬಿಚ್ಚಿದರು.

"ಮೇಷ್ಟ್ರಿಗೆ ಫೋನ್ ಮಾಡು. ನಾಳೆ ಗ್ರೌಂಡಿಗೆ ಹಲಗೆ ತರೋಕೆ ಹೇಳು. ಈ ಎರಡೇ ಅಲ್ಲ, ಎಲ್ಲಾ."

೬

ಭಾನುವಾರ ಬೆಳಿಗ್ಗೆ. ಮೈದಾನದಲ್ಲಿ ವಾಕಿಂಗಿನವರು ನಾಲ್ಕಾರು ಜನ. ಮೇಷ್ಟ್ರು ಅಂಚಿನಲ್ಲಿ ಸ್ಟ್ಯಾಂಡು ನಿಲ್ಲಿಸಿ, ಅರ್ಧ ಬಣ್ಣ ಕಿತ್ತ ಆರನ್ನು ಮುಂದಿಟ್ಟರು. ಗಾಳಿಯಕ್ಕ ಅವರ ಹತ್ತಿರ ಹೋದರು. ಮೇಷ್ಟ್ರು ಏನೋ ಹೇಳಲು ಬಾಯಿ ತೆರೆದರು, ಗಾಳಿಯಕ್ಕ ಅವರ ಕೈ ಹಿಡಿದುಕೊಂಡರು. ಇಬ್ಬರ ನಡುವೆ ಮಾತು ಅಷ್ಟರಲ್ಲೇ ಮುಗಿಯಿತು. ಆಮೇಲೆ ಇಪ್ಪತ್ತನೆಯ ಸುತ್ತು ಶುರುವಾಯಿತು. ಓಟವಲ್ಲ, ನಡಿಗೆಯೂ ಅಲ್ಲ, ಎರಡರ ನಡುವಿನದು.

ಅವರು ಆಚೆ ತಿರುವು ಮುಟ್ಟುವಷ್ಟರಲ್ಲಿ ನಿಮ್ಮ ಮುಂದೆ ಕೆಲವು ಅಂತ್ಯಗಳನ್ನು ಇಡುತ್ತೇನೆ.

ಅ) ಮೊಣಕಾಲು ಕೈಕೊಡುತ್ತದೆ. (ಲೇಖಕಿ ದುರುಗುಟ್ಟಿ ನೋಡಿದಳು. ಬೇಡ.)

ಆ) ಸುತ್ತು ಮುಗಿಯುತ್ತದೆ, ವಾಕಿಂಗಿನವರು ಚಪ್ಪಾಳೆ ತಟ್ಟುತ್ತಾರೆ, ಪ್ರಕಾಶಕರು ಕಣ್ಣೊರೆಸಿಕೊಳ್ಳುತ್ತಾರೆ. (ಪ್ರಕಾಶಕರು ಬಂದೇ ಇಲ್ಲ.)

ಇ) ಗ್ಯಾಲರಿಯಿಂದ ತಾಯಿಯ ಧ್ವನಿ ಕೇಳಿಸುತ್ತದೆ. ಇದು ನನಗೆ ಬಹಳ ಇಷ್ಟವಾದದ್ದು. ಲೇಖಕಿ ಮಾತ್ರ ಖಾಲಿ ಗ್ಯಾಲರಿಯನ್ನೊಮ್ಮೆ ನೋಡಿ, ತೊಡೆಯ ಮೇಲಿನ ಹಾಳೆಯಲ್ಲಿ ಬರೆದಳು: "ಇಪ್ಪತ್ತನೆಯ ಸುತ್ತು. ನಲವತ್ತೆರಡು ವರ್ಷಗಳ ನಂತರ. ಗ್ಯಾಲರಿಯಲ್ಲಿ ಯಾರೂ ಇರಲಿಲ್ಲ." ಹನ್ನೊಂದು ಪುಟದ ಜಾಗದಲ್ಲಿ ಸದ್ಯಕ್ಕೆ ಇಷ್ಟೇ. ಒಳ್ಳೆಯ ಶುರು ಎಂದು ಒಪ್ಪಿಕೊಳ್ಳುತ್ತೇನೆ.

ಗಾಳಿಯಕ್ಕ ಗೆರೆಯ ಹತ್ತಿರ ಬಂದರು. ಕೆಂಪಾದ ಮುಖ, ಬಾಯಿಂದ ಉಸಿರು. ಒಂದು ಸುತ್ತಿನ ಬಾಕಿ ತೀರಿತು. ನಾನು ಕೊನೆಯ ವಾಕ್ಯಕ್ಕೆ ತಯಾರಾದೆ. ಲೇಖಕಿ ಟವೆಲು ಹಿಡಿದು ಎದ್ದು ನಿಂತಳು. ಮೇಷ್ಟ್ರು ಆರನ್ನು ಮಗುಚಿದರು.

ಐದು.

ಗಾಳಿಯಕ್ಕ ಹಲಗೆ ನೋಡಿದರು. ನಿಲ್ಲಲಿಲ್ಲ.

"ಗಾಳಿಯಕ್ಕ, ಮುಗೀತು," ಎಂದಳು ಲೇಖಕಿ.

"ಐದು ಅಂತ ಇದೆಯಲ್ಲಮ್ಮ," ಎಂದು ಅವರು ಮುಂದೆ ಹೋದರು.

ಲೇಖಕಿ ಮೇಷ್ಟ್ರ ಕಡೆ ತಿರುಗಿದಳು. ಗಂಟೆ ಅವರ ಎಡಗೈಯಲ್ಲೇ ಇತ್ತು. ಹೊಡೆದುಬಿಡಿ ಮೇಷ್ಟ್ರೇ, ಆ ಕಾಲಿಗೆ ಇಷ್ಟು ಸಾಕು ಎಂದು ಬೇಡಿಕೊಂಡಳು. ನಿಜ ಹೇಳಬೇಕೆಂದರೆ ನಾನೂ ಬೇಡಿಕೊಂಡೆ, ನನಗೂ ಕಥೆ ಮುಗಿಸಬೇಕಿತ್ತು.

"ಇನ್ನೂ ಆಗಿಲ್ಲ," ಎಂದರು ಮೇಷ್ಟ್ರು. ಗಂಟೆಯನ್ನು ಕೆಳಗಿಟ್ಟು, ಐದರ ಹಿಂದೆ ನಾಲ್ಕು ಅಂಟಿಕೊಂಡಿದೆಯೇ ಎಂದು ಉಗುರಿನಿಂದ ಬಿಡಿಸಿ ನೋಡಿದರು.